ತಾಯಿ ಹೇಳಿದ ದಿನ, ಸೇವಾ ಪುಸ್ತಕದ ದಿನ

ಮೇ ತಿಂಗಳ ೩೧ನೆಯ ತಾರೀಖು ಕಲಬುರಗಿಯ ಸರ್ಕಾರಿ ಕಚೇರಿಗಳಲ್ಲಿ ಬೀಳ್ಕೊಡುಗೆಯ ಸಡಗರ ಕಣ್ಣಿಗೆ ಬೀಳುವುದು ಅಪರೂಪವೇನಲ್ಲ. ಹೊರಗೆ ಬಿಸಿಲು ಕೆಂಡ ಕಾರುತ್ತಿರುತ್ತದೆ. ಒಳಗೆ ಫ್ಯಾನಿನ ಕೆಳಗೆ ಮೇಜಿನ ಮೇಲೆ ಶಾಲು, ಹಾರ, ಹಣ್ಣಿನ ಬುಟ್ಟಿ. ಬುಟ್ಟಿಯಲ್ಲಿ ಕಮಲಾಪುರದ ಕೆಂಪು ಬಾಳೆಹಣ್ಣಿದ್ದರೆ ಸಮಾರಂಭಕ್ಕೊಂದು ಕಳೆ. ಶಾಲೆಯ ಶಿಕ್ಷಕರು, ಕಂದಾಯ ಇಲಾಖೆಯ ಗುಮಾಸ್ತರು, ಜವಾನರು ಎಂದು ನಾನಾ ಇಲಾಖೆಗಳವರು ಅದೇ ದಿನ ಸಂಜೆ ಮನೆಗೆ ಹಾರ ಹೊತ್ತು ಹೋಗುತ್ತಾರೆ. ಇಷ್ಟು ಮಂದಿಗೆ ಒಂದೇ ದಿನ ವಯಸ್ಸು ತುಂಬುವುದೇಕೆ?

ನಿಯಮ ಸರಳವಾದದ್ದು. ಕರ್ನಾಟಕ ಸರ್ಕಾರದ ನೌಕರನಿಗೆ ನಿವೃತ್ತಿಯ ವಯಸ್ಸು ೬೦. ೨೦೦೮ಕ್ಕೆ ಮುನ್ನ ೫೮ ಇತ್ತು. ವಯಸ್ಸು ತುಂಬುವ ತಿಂಗಳ ಕೊನೆಯ ದಿನ ಅವನು ಕುರ್ಚಿ ಬಿಡಬೇಕು. ತಿಂಗಳ ಮೊದಲನೆಯ ತಾರೀಖು ಹುಟ್ಟಿದವನಾದರೆ ಹಿಂದಿನ ತಿಂಗಳ ಕೊನೆಯ ದಿನವೇ ಬಿಡಬೇಕು. ಹೀಗಾಗಿ ಮೇ ೩೧ರಂದು ಹೊರಡುವವರಲ್ಲಿ ಬಹುಮಂದಿ ಜೂನ್ ೧ರಂದು ಹುಟ್ಟಿದವರು. ಪ್ರಕೃತಿಗೆ ಜೂನ್ ಒಂದರ ಮೇಲೆ ವಿಶೇಷವಾದ ಒಲವೇನೂ ಇರಲಾರದು. ಒಲವಿದ್ದದ್ದು ಹೆಡ್ ಮಾಸ್ತರರಿಗೆ.

ಕಲಬುರಗಿಯಿಂದ ಹುಮನಾಬಾದಿನ ದಾರಿಯಲ್ಲಿ ಕಮಲಾಪುರ ಸಿಕ್ಕುತ್ತದೆ. ಈಚಿನ ವರ್ಷಗಳಲ್ಲಿ ತಾಲ್ಲೂಕು ಕೇಂದ್ರವಾದ ಊರು. ಅದರ ಸುತ್ತಿನ ಯಾವುದೋ ಹಳ್ಳಿಯ ಶಾಲೆ, ೧೯೭೮ರ ಜೂನ್ ತಿಂಗಳು ಎಂದು ಊಹಿಸಿಕೊಳ್ಳಬಹುದು. ರೈತನೊಬ್ಬ ಮಗನ ಕೈಹಿಡಿದು ಬಂದು ನಿಂತಿದ್ದಾನೆ. ಮಗ ಹುಟ್ಟಿದ್ದು ಯಾವಾಗ ಎಂದು ಮಾಸ್ತರರು ಕೇಳುತ್ತಾರೆ.

“ಶರಣಬಸಪ್ಪನ ಜಾತ್ರಿ ಆಗಿ ಎಂಟ ದಿನಕ್ಕ ಹುಟ್ಟ್ಯಾನ್ರೀ ಮಾಸ್ತರ. ಬರ ಬಿದ್ದ ವರ್ಷ.”

ಇದಕ್ಕಿಂತ ಖಚಿತವಾದ ಉತ್ತರ ಆ ತಂದೆಗೆ ಗೊತ್ತಿಲ್ಲ. ಅವನ ಮಟ್ಟಿಗೆ ಇದಕ್ಕಿಂತ ಖಚಿತವಾದದ್ದು ಬೇಕಾಗಿಯೂ ಇರಲಿಲ್ಲ. ಕಲಬುರಗಿಯ ಶರಣಬಸವೇಶ್ವರರ ಜಾತ್ರೆ ನಡೆಯುವುದು ಹೋಳಿ ಹುಣ್ಣಿಮೆಯಾದ ಮೇಲೆ, ಸಾಮಾನ್ಯವಾಗಿ ಮಾರ್ಚ್ ತಿಂಗಳಲ್ಲಿ. ತಿಂಗಳಿನ ಮಾತು ಅಷ್ಟಕ್ಕೆ ಇತ್ಯರ್ಥವಾಯಿತು. ಆದರೆ ವರ್ಷ ಯಾವುದು? ಆ ಸೀಮೆಯ ಹಿರಿಯರು ಇಂದಿಗೂ ನೆನೆಯುವ ಬರ ೧೯೭೨ರಲ್ಲಿ ಮಳೆ ಕೈಕೊಟ್ಟು ೧೯೭೩ರ ಬೇಸಗೆಯವರೆಗೆ ಜನರನ್ನು ಕಾಡಿದ್ದು. ಮಗು ಹುಟ್ಟಿದ್ದು ಬರಕ್ಕೆ ಮುಂಚಿನ ಜಾತ್ರೆಯಲ್ಲೋ, ಬರದ ನಡುವಿನ ಜಾತ್ರೆಯಲ್ಲೋ? ಮಾಸ್ತರರಿಗೆ ಇಷ್ಟನ್ನೆಲ್ಲ ವಿಚಾರಿಸಲು ವ್ಯವಧಾನವಿಲ್ಲ. ಹೊರಗೆ ಇನ್ನೂ ಹತ್ತು ಮಂದಿ ನಿಂತಿದ್ದಾರೆ. ಒಂದನೆಯ ತರಗತಿಯ ಹುಡುಗನಿಗೆ ಆರು ವರ್ಷ ಎಂಬುದು ವಾಡಿಕೆ. ಶಾಲೆ ತೆರೆಯುವುದು ಜೂನಿನಲ್ಲಿ. ದಾಖಲಾತಿ ರಿಜಿಸ್ಟರಿನಲ್ಲಿ ೧-೬-೧೯೭೨ ಎಂದು ಬರೆದು ಶಾಯಿ ಒತ್ತಿದರು. ಹುಡುಗ ಜೂನ್ ಒಂದರಂದು ಎರಡನೆಯ ಬಾರಿಗೆ ಹುಟ್ಟಿದ.

ಆ ಶಾಯಿ ಅಳಿಸುವಂಥದಲ್ಲ. ರಿಜಿಸ್ಟರಿನಿಂದ ಅದು ವರ್ಗಾವಣೆ ಪ್ರಮಾಣಪತ್ರಕ್ಕೆ ಹೋಯಿತು, ಅಲ್ಲಿಂದ ಎಸ್.ಎಸ್.ಎಲ್.ಸಿ. ಅಂಕಪಟ್ಟಿಗೆ; ಅಲ್ಲಿಂದ ನೌಕರಿಯ ಅರ್ಜಿಗೆ; ಕೊನೆಗೆ ಸೇವಾ ಪುಸ್ತಕದ ಮೊದಲನೆಯ ಪುಟಕ್ಕೆ. ಈಗ ಲೆಕ್ಕ ಹಾಕಿ ನೋಡಬೇಕು. ಪುಸ್ತಕದ ಪ್ರಕಾರ ಈ ಮನುಷ್ಯ ನಿವೃತ್ತನಾಗಬೇಕಾದದ್ದು ೨೦೩೨ರ ಮೇ ೩೧ರಂದು. ಬರದ ನಡುವಿನ ಜಾತ್ರೆಯಲ್ಲಿ ಹುಟ್ಟಿದವನಾದರೆ ೨೦೩೩ರ ಮಾರ್ಚ್ ೩೧ರವರೆಗೆ, ಅಂದರೆ ಇನ್ನೂ ಹತ್ತು ತಿಂಗಳು, ದುಡಿಯುವ ಹಕ್ಕು ಅವನದು. ಬರಕ್ಕೆ ಮುಂಚಿನ ಜಾತ್ರೆಯಾದರೆ ಮಾಸ್ತರರ ಕೃಪೆಯಿಂದ ಅವನಿಗೆ ಎರಡು ತಿಂಗಳ ಸಂಬಳ ಲಾಭ. ಲಾಭವಾದವನು ಸದ್ದಿಲ್ಲದೆ ಇರುತ್ತಾನೆ. ನಷ್ಟವಾದವನಿಗೆ ಮಾತ್ರ, ಸಾಮಾನ್ಯವಾಗಿ ಐವತ್ತೈದರ ಗಡಿ ದಾಟಿದ ಮೇಲೆ, ತಾಯಿಯ ಮಾತು ನೆನಪಿಗೆ ಬರುತ್ತದೆ.

ಹತ್ತು ತಿಂಗಳೆಂದರೆ ಎಷ್ಟು ಮಹಾ ಎನ್ನುವವರು ಮಧ್ಯಮ ವರ್ಗದ ಮನೆಯ ಲೆಕ್ಕ ಬಲ್ಲವರಲ್ಲ. ನೌಕರಿಯ ಕೊನೆಯ ವರ್ಷದ ಸಂಬಳವೇ ಇಡೀ ಜೀವಮಾನದ ದೊಡ್ಡ ಸಂಬಳ. ಹಳೆಯ ಪಿಂಚಣಿ ಪದ್ಧತಿಯವರಿಗೆ ಪಿಂಚಣಿ ನಿಲ್ಲುವುದು ಆ ಕೊನೆಯ ಸಂಬಳದ ಮೇಲೆ. ೨೦೦೬ರ ಏಪ್ರಿಲ್ ೧ರಿಂದ ಈಚೆಗೆ ರಾಜ್ಯದ ಸೇವೆಗೆ ಸೇರಿದವರಿಗೆ ಬಂದ ಹೊಸ ಪದ್ಧತಿಯಲ್ಲಾದರೋ ತಿಂಗಳು ತಿಂಗಳು ಕಟ್ಟಿದ ಹಣವೇ ಗಂಟು. ಮಗಳ ಮದುವೆ, ಮಗನ ಕೊನೆಯ ವರ್ಷದ ಕಾಲೇಜು, ಮುಗಿಯದ ಮನೆಯ ಸಾಲ, ಎಲ್ಲವೂ ಆ ಒಂದು ತಾರೀಖನ್ನೇ ನೆಚ್ಚಿಕೊಂಡು ಕುಳಿತಿರುತ್ತವೆ.

ಒಂದೇ ದಿನದ ವ್ಯತ್ಯಾಸಕ್ಕೂ ಬೆಲೆಯುಂಟು. ನಿವೃತ್ತಿಯ ಹಿಂದಿನ ದಿನ ವರ್ಷದ ಸೇವೆ ಪೂರೈಸಿ ವೇತನ ಬಡ್ತಿಯನ್ನು ಸಂಪಾದಿಸಿದ ನೌಕರನಿಗೆ, ಮರುದಿನ ಅವನು ಸೇವೆಯಲ್ಲಿಲ್ಲವೆಂಬ ಕಾರಣದಿಂದ ಅದನ್ನು ತಪ್ಪಿಸಬಹುದೇ ಎಂಬ ಪ್ರಶ್ನೆ ಕರ್ನಾಟಕ ವಿದ್ಯುತ್ ಪ್ರಸರಣ ನಿಗಮದ ನೌಕರರಿಂದ ಎದ್ದು ಸರ್ವೋಚ್ಚ ನ್ಯಾಯಾಲಯದವರೆಗೆ ಹೋಯಿತು. ೨೦೨೩ರ ಏಪ್ರಿಲ್ ೧೧ರಂದು ನ್ಯಾಯಾಲಯ ನೌಕರರ ಪರವಾಗಿ ತೀರ್ಪು ಕೊಟ್ಟಿತು.

ಫಸಲಿಯಿಂದ ಇಸವಿಗೆ

ಕಲಬುರಗಿಯ ಹಿಂದಿನ ತಲೆಮಾರಿಗೆ ಇನ್ನೊಂದು ತೊಡಕಿತ್ತು. ಮೈಸೂರಿನವರಿಗಾಗಲಿ ಮಂಗಳೂರಿನವರಿಗಾಗಲಿ ಅದರ ಅನುಭವವಿಲ್ಲ. ಆಗಿನ ಗುಲಬರ್ಗಾ ೧೯೪೮ರ ಸೆಪ್ಟೆಂಬರಿನವರೆಗೆ ನಿಜಾಮರ ಸಂಸ್ಥಾನದಲ್ಲಿತ್ತು. ೧೯೫೬ರ ನವೆಂಬರ್ ೧ರವರೆಗೆ ಹೈದರಾಬಾದ್ ರಾಜ್ಯದಲ್ಲಿ. ಆಮೇಲೆ ಮೈಸೂರು ರಾಜ್ಯದಲ್ಲಿ. ನಿಜಾಮರ ಕಚೇರಿಯ ಭಾಷೆ ಉರ್ದು, ಪಂಚಾಂಗ ಫಸಲಿ. ಫಸಲಿ ವರ್ಷ ಅಕ್ಟೋಬರಿನ ಮೊದಲ ವಾರದಲ್ಲಿ ಆಜೂರ್ ತಿಂಗಳಿನಿಂದ ಆರಂಭವಾಗುತ್ತಿತ್ತು. ಅದನ್ನು ಇಸವಿಗೆ ತಿರುಗಿಸಬೇಕಾದರೆ ಡಿಸೆಂಬರ್ ಕೊನೆಯವರೆಗಿನ ದಿನಗಳಿಗೆ ೫೯೦ನ್ನೂ ಜನವರಿಯಿಂದ ಮುಂದಿನ ದಿನಗಳಿಗೆ ೫೯೧ನ್ನೂ ಕೂಡಬೇಕು.

ತಪ್ಪು ನುಸುಳಲು ಇದಕ್ಕಿಂತ ಒಳ್ಳೆಯ ಕಂಡಿ ಬೇಕೆ? ೧೩೫೦ ಫಸಲಿಯ ಅರ್ದಿಬೆಹಿಷ್ತ್ ತಿಂಗಳಲ್ಲಿ ಹುಟ್ಟಿದ ಮಗು ಇಸವಿಯ ಲೆಕ್ಕದಲ್ಲಿ ೧೯೪೧ರ ಮಾರ್ಚ್ ಸುಮಾರಿನದು. ವರ್ಷಾರಂಭದ ಲೆಕ್ಕವನ್ನೇ ಹಿಡಿದು ೫೯೦ ಕೂಡಿದ ಗುಮಾಸ್ತನ ಕೈಯಲ್ಲಿ ಅದು ೧೯೪೦ ಆಗಿಬಿಡುತ್ತದೆ. ಒಂದು ಅಂಕೆಯ ಕೂಡಿಕೆ ತಪ್ಪಿದ್ದಕ್ಕೆ ಒಂದು ಪೂರ್ತಿ ವರ್ಷದ ಅನ್ನ ಹೋಯಿತು. ಮೂಲ ವಹಿ ಉರ್ದುವಿನಲ್ಲಿ. ಅದನ್ನು ಓದಬಲ್ಲವರು ಕಚೇರಿಯಲ್ಲಿ ವರ್ಷದಿಂದ ವರ್ಷಕ್ಕೆ ಕಡಿಮೆ. ಆ ತಲೆಮಾರಿನ ನೌಕರರೆಲ್ಲ ನಿವೃತ್ತರಾಗಿ ಎಷ್ಟೋ ಕಾಲವಾಯಿತು. “ರಜಾಕಾರರ ಗದ್ದಲದಾಗ ಹುಟ್ಟಿದಾಂವ”, “ಪೊಲೀಸ್ ಆಕ್ಷನ್ ಆದ ಮ್ಯಾಲ ಹುಟ್ಟಿದಾಕಿ” ಎಂದು ವಯಸ್ಸನ್ನು ಎಣಿಸುವ ಅಜ್ಜ ಅಜ್ಜಿಯರು ಮಾತ್ರ ಈ ಸೀಮೆಯ ಮನೆಗಳಲ್ಲಿ ಇನ್ನೂ ಸಿಕ್ಕುತ್ತಾರೆ.

ಮೂರು ವರ್ಷದ ಬಾಗಿಲು

ಇಂತಹ ತಪ್ಪನ್ನು ತಿದ್ದಿಸಿಕೊಳ್ಳಲು ದಾರಿಯಿಲ್ಲವೆ? ಇದೆ, ಆದರೆ ಬಾಗಿಲು ಬಹು ಬೇಗ ಮುಚ್ಚುತ್ತದೆ. ಕರ್ನಾಟಕದ ವಿಧಾನಮಂಡಲ ೧೯೭೪ರಲ್ಲಿ ರಾಜ್ಯ ನೌಕರರ ವಯೋನಿರ್ಧಾರಕ್ಕೆಂದೇ ಒಂದು ಅಧಿನಿಯಮ ಮಾಡಿತು. ಸೇವಾ ಪುಸ್ತಕದಲ್ಲಿ ವಯಸ್ಸು ಅಂಗೀಕೃತವಾಗಿ ದಾಖಲಾದ ದಿನದಿಂದ ಮೂರು ವರ್ಷದೊಳಗೆ, ಅಥವಾ ಅಧಿನಿಯಮ ಜಾರಿಗೆ ಬಂದ ಒಂದು ವರ್ಷದೊಳಗೆ, ಎರಡರಲ್ಲಿ ಯಾವುದು ತಡವೋ ಅದರೊಳಗೆ ನೌಕರ ಅರ್ಜಿ ಕೊಡಬೇಕು. ಆಮೇಲೆ ಅವನಿಗೆ ಅನುಕೂಲವಾಗುವ ಯಾವ ತಿದ್ದುಪಡಿಯೂ ಇಲ್ಲ. ಯಾವ ನ್ಯಾಯಾಲಯದ ಡಿಕ್ರಿ ತಂದರೂ ಸೇವೆಯ ಮಟ್ಟಿಗೆ ಅದು ನಡೆಯುವುದಿಲ್ಲವೆಂದೂ ಅಧಿನಿಯಮವೇ ಹೇಳುತ್ತದೆ. ಇಲ್ಲಿ ಒಂದು ಸೂಕ್ಷ್ಮವನ್ನು ಗಮನಿಸಬೇಕು: ಮೂರು ವರ್ಷದ ಕಟ್ಟು ಇರುವುದು ನೌಕರನಿಗೆ ಅನುಕೂಲವಾದ ತಿದ್ದುಪಡಿಗೆ ಮಾತ್ರ. ಸರ್ಕಾರ ಅವನ ವಯಸ್ಸನ್ನು ಹೆಚ್ಚಿಸಿ ಬರೆಯಲು ಹೊರಟರೆ ಆ ಕಟ್ಟಿಲ್ಲ. ತಕ್ಕಡಿಯ ಎರಡು ತಟ್ಟೆಗಳೂ ಸಮವಲ್ಲ ಎನ್ನದೆ ವಿಧಿಯಿಲ್ಲ.

ಕೇಂದ್ರ ಸರ್ಕಾರದ ನೌಕರರಿಗೆ ಈ ಅವಧಿ ಐದು ವರ್ಷ. ಅಲ್ಲಿ ಇನ್ನೊಂದು ಚತುರವಾದ ನಿಬಂಧನೆಯಿದೆ. ಹೊಸದಾಗಿ ಹೇಳುವ ದಿನಾಂಕವನ್ನು ಒಪ್ಪಿದರೆ, ಆ ಮನುಷ್ಯ ಹಿಂದೆ ಪರೀಕ್ಷೆಗೆ ಕುಳಿತಾಗಲಾಗಲಿ ಕೆಲಸಕ್ಕೆ ಸೇರಿದಾಗಲಾಗಲಿ ಅರ್ಹ ವಯಸ್ಸಿನವನಾಗಿರಬೇಕು. ಹದಿನೆಂಟು ತುಂಬಿದೆಯೆಂದು ಹೇಳಿ ನೌಕರಿ ಪಡೆದವನು ಐವತ್ತೆಂಟರಲ್ಲಿ, “ಆಗ ನನಗೆ ಹದಿನಾರೇ ಆಗಿತ್ತು” ಎಂದರೆ, ಹಾಗಾದರೆ ನೌಕರಿ ಸಿಕ್ಕಿದ್ದು ಹೇಗೆ ಎಂಬ ಪ್ರಶ್ನೆಗೆ ಅವನೇ ಉತ್ತರ ಹುಡುಕಿಕೊಳ್ಳಬೇಕು.

ಈ ಬಾಗಿಲು ಎಷ್ಟು ಭದ್ರವಾದದ್ದೆಂಬುದಕ್ಕೆ ಕರ್ನಾಟಕದ್ದೇ ಒಂದು ಪ್ರಕರಣ ಸಾಕ್ಷಿ. ಕರ್ನಾಟಕ ಗ್ರಾಮೀಣ ಮೂಲಸೌಕರ್ಯ ಅಭಿವೃದ್ಧಿ ನಿಯಮಿತದಲ್ಲಿ ೧೯೮೪ರಲ್ಲಿ ಒಬ್ಬರು ಕೆಲಸಕ್ಕೆ ಸೇರಿದರು. ದಾಖಲಾದ ಜನ್ಮದಿನ ೧೯೬೦ರ ಜನವರಿ ೪. ನಿಜವಾದದ್ದು ೧೯೬೧ರ ಜನವರಿ ೨೪ ಎಂದು ಅವರ ವಾದ. ಸಂಸ್ಥೆ ೧೯೭೪ರ ಅಧಿನಿಯಮವನ್ನು ತನ್ನ ನೌಕರರಿಗೆ ಅಳವಡಿಸಿಕೊಂಡದ್ದು ೧೯೯೧ರ ಮೇ ತಿಂಗಳ ನಿರ್ಣಯದಿಂದ. ನೌಕರರು ತಿದ್ದುಪಡಿ ಬೇಡಿದ್ದು ಸೇರಿದ ಎರಡು ದಶಕಗಳ ಮೇಲೆ. ಉಚ್ಚ ನ್ಯಾಯಾಲಯ ಅವರ ಮಾತನ್ನು ಒಪ್ಪಿತು. ಸರ್ವೋಚ್ಚ ನ್ಯಾಯಾಲಯ ೨೦೨೧ರ ಸೆಪ್ಟೆಂಬರ್ ೨೧ರಂದು ಆ ತೀರ್ಪನ್ನು ತಳ್ಳಿಹಾಕಿತು. ಬಲವಾದ ಸಾಕ್ಷ್ಯವಿದ್ದರೂ ಜನ್ಮದಿನದ ತಿದ್ದುಪಡಿಯನ್ನು ಹಕ್ಕೆಂದು ಕೇಳಲಾಗದು. ತಡವಾಯಿತೆಂಬ ಒಂದೇ ಕಾರಣ, ಅದರಲ್ಲಿಯೂ ನಿವೃತ್ತಿ ಹತ್ತಿರವಾದಾಗ, ಅರ್ಜಿಯನ್ನು ತಿರಸ್ಕರಿಸಲು ಸಾಕು ಎಂಬುದು ಅದರ ಸಾರ. ನಿಯಮ ತಮಗೆ ತಿಳಿದಿರಲಿಲ್ಲವೆಂಬ ನೆಪಕ್ಕೂ ಅಲ್ಲಿ ಎಡೆ ದೊರೆಯಲಿಲ್ಲ.

ಸಾಕ್ಷ್ಯವಿದ್ದರೂ ಇಲ್ಲವೆಂಬ ಮಾತು ಕಿವಿಗೆ ಕಠೋರವಾಗಿ ಕೇಳಿಸುತ್ತದೆ. ನಿಜವನ್ನು ಹುಡುಕುವುದೇ ನ್ಯಾಯಾಲಯದ ಕೆಲಸವಲ್ಲವೆ ಎಂದು ಯಾರಾದರೂ ಕೇಳಿಯಾರು. ಇದಕ್ಕೆ ಉತ್ತರ ಸಿಕ್ಕುವುದು ಅರ್ಜಿದಾರನ ಮುಖ ನೋಡಿದಾಗಲ್ಲ. ಅವನ ಹಿಂದೆ ಸಾಲಾಗಿ ನಿಂತವರನ್ನು ನೋಡಿದಾಗ. ಕಚೇರಿಯ ಸೂಪರಿಂಟೆಂಡೆಂಟರು ಇನ್ನೆರಡು ವರ್ಷ ಉಳಿದರೆಂದರೆ ಪ್ರಥಮ ದರ್ಜೆ ಸಹಾಯಕನ ಬಡ್ತಿ ಎರಡು ವರ್ಷ ಮುಂದಕ್ಕೆ ಹೋಯಿತು. ಅವನ ಜಾಗವನ್ನು ನೆಚ್ಚಿದ ದ್ವಿತೀಯ ದರ್ಜೆಯವನದೂ ಹೋಯಿತು. ಆ ತುದಿಯಲ್ಲಿ ಕೆಲಸವಿಲ್ಲದೆ ಮನೆಯಲ್ಲಿ ಕುಳಿತ ತರುಣನದೂ ಹೋಯಿತು. ಬಡ್ತಿ ಕಾಯುತ್ತಲೇ ನಿವೃತ್ತರಾಗಿಬಿಡುವವರೂ ಇರುತ್ತಾರೆ. ತಮಿಳುನಾಡಿನ ಪ್ರಕರಣವೊಂದರಲ್ಲಿ ಸರ್ವೋಚ್ಚ ನ್ಯಾಯಾಲಯ ೧೯೯೩ರಲ್ಲಿ ಈ ಸರಪಳಿಯ ಮಾತನ್ನೇ ಎತ್ತಿತು: ಒಬ್ಬನ ಜನ್ಮದಿನ ಬದಲಾದರೆ ವರ್ಷಗಟ್ಟಲೆ ಕಾದಿದ್ದ ಹಲವರಿಗೆ ತುಂಬಲಾರದ ನಷ್ಟವಾಗುತ್ತದೆ, ಆ ಹಲವರಾದರೋ ಮೊಕದ್ದಮೆಯಲ್ಲಿ ಕಕ್ಷಿಗಾರರೇ ಅಲ್ಲ. ಈ ವಾದವನ್ನು ಅಲ್ಲಗಳೆಯುವುದು ಕಷ್ಟ.

ಸಾಕ್ಷ್ಯದ ಗುಣವನ್ನೂ ನೋಡಬೇಕಲ್ಲ! ಮೂವತ್ತು ವರ್ಷದ ಮೇಲೆ ಹೊರಬರುವ ಜಾತಕದ ಕಾಗದ ಕೆಲವೊಮ್ಮೆ ಜಾತಕಕರ್ತನಿಗಿಂತ ಚಿಕ್ಕ ವಯಸ್ಸಿನದಾಗಿರುತ್ತದೆ. ಹಳ್ಳಿಯ ಜನನ ಮರಣ ವಹಿಯಲ್ಲಿ “ಗಂಡು ಮಗು” ಎಂದಷ್ಟೇ ಇದ್ದು ಹೆಸರಿಲ್ಲದಿದ್ದರೆ, ಅದು ಈ ಅಣ್ಣನೋ ಆ ತಮ್ಮನೋ ಎಂಬ ಚರ್ಚೆಗೆ ಕೊನೆಯಿಲ್ಲ. ಶಾಲೆಯ ರಿಜಿಸ್ಟರು ನಂಬುವಂಥದೆನ್ನೋಣವೆಂದರೆ, ಒಬ್ಬಳೇ ತಾಯಿಯ ಇಬ್ಬರು ಮಕ್ಕಳ ನಡುವೆ ಐದೇ ತಿಂಗಳ ಅಂತರ ತೋರಿಸಿ ವೈದ್ಯಶಾಸ್ತ್ರವನ್ನೇ ಬೆರಗುಗೊಳಿಸುವ ರಿಜಿಸ್ಟರುಗಳೂ ಉಂಟು. ಇನ್ನು ಎಲುಬಿನ ಎಕ್ಸ್-ರೇ. ಬೆಳೆಯುವ ಹುಡುಗನಲ್ಲಿಯೇ ಅದು ಎರಡು ವರ್ಷ ಅತ್ತಿತ್ತ ಆಗಬಹುದೆಂದು ನ್ಯಾಯಾಲಯಗಳು ಒಪ್ಪಿವೆ. ಎಲುಬಿನ ಬೆಳವಣಿಗೆ ಎಂದೋ ಮುಗಿದ ಐವತ್ತೆಂಟರ ಗುಮಾಸ್ತನಲ್ಲಿ ಅದು ಏನನ್ನು ಹೇಳೀತು?

ನ್ಯಾಯಮೂರ್ತಿಗೂ ತಪ್ಪದು, ಸೇನಾಪತಿಗೂ ತಪ್ಪದು

ಈ ಗೋಳು ಬಡ ನೌಕರರಿಗೆ ಮಾತ್ರ ಎಂದುಕೊಂಡರೆ ತಪ್ಪು. ಕಲಕತ್ತೆಯ ಉಚ್ಚ ನ್ಯಾಯಾಲಯದ ನ್ಯಾಯಮೂರ್ತಿ ಜ್ಯೋತಿ ಪ್ರಕಾಶ ಮಿತ್ತರ್ ಅವರು ತಮ್ಮ ಜನ್ಮದಿನ ೧೯೦೪ರ ಡಿಸೆಂಬರ್ ೨೭ ಎಂದು ಹೇಳಿಕೊಂಡಿದ್ದರು. ಅವರ ಮೆಟ್ರಿಕ್ಯುಲೇಷನ್ನಿನ ದಾಖಲೆಯ ಪ್ರಕಾರ ಅದು ೧೯೦೧. ಆಗ ನ್ಯಾಯಮೂರ್ತಿಗಳು ೬೦ಕ್ಕೆ ನಿವೃತ್ತರಾಗಬೇಕಿತ್ತು. ಮೂರು ವರ್ಷದ ಅಂತರ. ೧೯೬೧ರ ಡಿಸೆಂಬರಿನಲ್ಲಿ ಅವರ ಕಾಲ ಮುಗಿಯಿತೆಂದು ಸರ್ಕಾರ ಹೇಳಿತು. ಅವರು ತಾವು ಕುಳಿತಿದ್ದ ನ್ಯಾಯಾಲಯದ ಮೆಟ್ಟಿಲನ್ನೇ ಕಕ್ಷಿಗಾರರಾಗಿ ಹತ್ತಿದರು. ಉಚ್ಚ ನ್ಯಾಯಾಲಯದ ನ್ಯಾಯಮೂರ್ತಿಯ ವಯಸ್ಸಿನ ವಿವಾದವನ್ನು ತೀರ್ಮಾನಿಸುವವರು ಯಾರೆಂಬುದಕ್ಕೆ ಸಂವಿಧಾನದಲ್ಲಿ ಉತ್ತರವೇ ಇರಲಿಲ್ಲ. ೧೯೬೩ರ ಹದಿನೈದನೆಯ ತಿದ್ದುಪಡಿ ಆ ಅಧಿಕಾರವನ್ನು, ಭಾರತದ ಮುಖ್ಯ ನ್ಯಾಯಮೂರ್ತಿಗಳೊಡನೆ ಸಮಾಲೋಚಿಸಿ ನಿರ್ಧರಿಸುವಂತೆ, ರಾಷ್ಟ್ರಪತಿಗಳಿಗೆ ಕೊಟ್ಟಿತು. ನಿವೃತ್ತಿಯ ವಯಸ್ಸನ್ನು ೬೨ಕ್ಕೆ ಏರಿಸಿದ್ದೂ ಅದೇ ತಿದ್ದುಪಡಿ. ವ್ಯಾಜ್ಯದ ಕೊನೆಯ ತೀರ್ಪು ೧೯೭೧ರಲ್ಲಿ ಅವರ ವಿರುದ್ಧವಾಗಿ ಬಂತು. ಅಷ್ಟು ಹೊತ್ತಿಗೆ ಯಾವ ಜನ್ಮದಿನವನ್ನು ಹಿಡಿದರೂ ಅವರ ನಿವೃತ್ತಿಯ ಕಾಲ ದಾಟಿ ಹೋಗಿತ್ತು.

ಸೇನೆಯ ಮುಖ್ಯಸ್ಥರಾಗಿದ್ದ ಜನರಲ್ ವಿ. ಕೆ. ಸಿಂಗ್ ಅವರ ಪ್ರಸಂಗ ಇನ್ನೂ ಹಲವರ ನೆನಪಿನಲ್ಲಿದ್ದೀತು. ಸೇನೆಯ ಒಂದು ಶಾಖೆಯ ಕಡತದಲ್ಲಿ ಅವರು ಹುಟ್ಟಿದ್ದು ೧೯೫೧ರ ಮೇ ೧೦. ಇನ್ನೊಂದು ಶಾಖೆಯ ಕಡತದಲ್ಲಿ ೧೯೫೦ರ ಮೇ ೧೦. ಮೆಟ್ರಿಕ್ ಪ್ರಮಾಣಪತ್ರ ಮೊದಲನೆಯದನ್ನು ಹೇಳಿದರೆ, ಹುಡುಗನಾಗಿದ್ದಾಗ ರಾಷ್ಟ್ರೀಯ ರಕ್ಷಣಾ ಅಕಾಡೆಮಿಗೆಂದು ತುಂಬಿದ ಅರ್ಜಿ ಎರಡನೆಯದನ್ನು ಹೇಳುತ್ತಿತ್ತು. ೨೦೧೨ರ ಫೆಬ್ರವರಿ ೧೦ರಂದು ಸರ್ವೋಚ್ಚ ನ್ಯಾಯಾಲಯ ಅವರ ವಾದಕ್ಕೆ ಒಲವು ತೋರಲಿಲ್ಲ. ಅವರು ನಿಜವಾಗಿ ಎಂದು ಹುಟ್ಟಿದರೆಂಬುದು ತನ್ನ ಮುಂದಿನ ಪ್ರಶ್ನೆಯಲ್ಲ, ಸೇವೆಯ ದಾಖಲೆ ಯಾವ ದಿನವನ್ನು ಒಪ್ಪಿದೆಯೆಂಬುದೇ ಪ್ರಶ್ನೆ ಎಂಬ ನಿಲುವು ನ್ಯಾಯಾಲಯದ್ದು. ಜನರಲ್ಲರು ಅರ್ಜಿಯನ್ನು ಹಿಂತೆಗೆದುಕೊಂಡು ಅದೇ ಮೇ ೩೧ರಂದು ನಿವೃತ್ತರಾದರು.

ಸರ್ಕಾರವೇ ವಯಸ್ಸನ್ನು ಹೆಚ್ಚಿಸಿದಾಗ ನ್ಯಾಯಾಲಯದ ದನಿ ಬೇರೆಯಾಗಿ ಕೇಳುತ್ತದೆ. ೧೯೩೮ರಲ್ಲಿ ಒರಿಸ್ಸಾ ಸರ್ಕಾರದ ಸೇವೆಗೆ ಸೇರಿದ ವೈದ್ಯೆಯೊಬ್ಬರ ಜನ್ಮವರ್ಷ ೧೯೧೦ ಎಂದು ದಾಖಲಾಗಿತ್ತು. ಅನಾಮಧೇಯ ಪತ್ರಗಳು ಬಂದವು. ಸರ್ಕಾರ ತನ್ನಷ್ಟಕ್ಕೆ ವಿಚಾರಣೆ ನಡೆಸಿ ಅದನ್ನು ೧೯೦೭ ಎಂದು ತಿದ್ದಿ ಆಕೆಯನ್ನು ೧೯೬೩ರಲ್ಲಿ ನಿವೃತ್ತಿಗೊಳಿಸಿತು. ವಿಚಾರಣೆಯ ವರದಿಯನ್ನು ಆಕೆಗೆ ತೋರಿಸಿ ಉತ್ತರ ಕೇಳುವ ಸೌಜನ್ಯವಿರಲಿಲ್ಲ. ಸರ್ವೋಚ್ಚ ನ್ಯಾಯಾಲಯ ೧೯೬೭ರ ಫೆಬ್ರವರಿ ೭ರಂದು, ಆಡಳಿತದ ಆಜ್ಞೆಯೇ ಆದರೂ ಒಬ್ಬರ ಬಾಳಿಗೆ ಪೆಟ್ಟು ಕೊಡುವಂಥದಾದರೆ ಅವರ ಮಾತನ್ನು ಕೇಳಿಯೇ ತೀರಬೇಕೆಂದು ಹೇಳಿತು. ಕಾನೂನಿನ ವಿದ್ಯಾರ್ಥಿಗಳು ಇಂದಿಗೂ ಅಭ್ಯಾಸ ಮಾಡುವ ತೀರ್ಪು ಅದು. ಒಬ್ಬ ವೈದ್ಯೆಯ ವಯಸ್ಸಿನ ಜಗಳದಿಂದ ದೇಶದ ಪ್ರತಿಯೊಬ್ಬ ಪ್ರಜೆಗೂ ಒಂದು ರಕ್ಷಣೆ ದೊರೆಯಿತು.

ಕಲಬುರಗಿಯ ನೌಕರ ಇಂದು ನ್ಯಾಯ ಕೇಳಲು ಬೆಂಗಳೂರಿನ ರಾತ್ರಿ ಬಸ್ಸು ಹತ್ತಬೇಕಾಗಿಲ್ಲ. ೨೦೦೮ರ ಜುಲೈನಲ್ಲಿ ಉಚ್ಚ ನ್ಯಾಯಾಲಯದ ಸಂಚಾರಿ ಪೀಠ ಊರಿಗೆ ಬಂತು. ೨೦೧೩ರ ಆಗಸ್ಟ್ ೩೧ರಿಂದ ಅದು ಕಾಯಂ ಪೀಠ. ಸರ್ಕಾರಿ ನೌಕರರು ಮೊದಲು ಹೋಗಬೇಕಾದ ರಾಜ್ಯ ಆಡಳಿತ ನ್ಯಾಯಮಂಡಳಿಗೂ ಅಲ್ಲಿ ಪೀಠವಿದೆ. ದಾರಿ ಹತ್ತಿರವಾಯಿತು, ಆದರೆ ಅವಧಿ ಹಿಗ್ಗಲಿಲ್ಲ. ಓದುಬರಹ ಬಲ್ಲವರಿಗೆ ಮೂರು ವರ್ಷ ಕಡಿಮೆಯೇನಲ್ಲ. ಸೇವಾ ಪುಸ್ತಕವನ್ನು ಕೇಳಿ ಮೊದಲ ಪುಟ ನೋಡಿಕೊಳ್ಳದಿದ್ದರೆ ದೋಷ ಅವರದೇ. ಕಸ ಗುಡಿಸುವ, ಕಾವಲು ಕಾಯುವ, ರಸ್ತೆಗೆ ಜಲ್ಲಿ ಹೊರುವ ನೌಕರನ ಸ್ಥಿತಿ ಬೇರೆ. ಶಾಲೆಯ ಮುಖ ಕಾಣದವನಿಗೆ ಅಂದಾಜಿನ ವಯಸ್ಸು ಬರೆದು, ಅದರ ಕೆಳಗೆ ಹೆಬ್ಬೆಟ್ಟು ಒತ್ತಿಸಿಕೊಂಡಾಗ, ಅಲ್ಲಿ ಏನು ಬರೆದಿದೆಯೆಂದು ಅವನಿಗೆ ಓದಿ ಹೇಳಿದವರು ಯಾರು? ನಿವೃತ್ತಿಯ ನೋಟೀಸು ಕೈಗೆ ಬಂದ ದಿನವೇ ಅವನಿಗೆ ತನ್ನ ವಯಸ್ಸಿನ ಮೊದಲ ಪರಿಚಯ. ಇಂತಹವನಿಗೂ ಡಿಗ್ರಿ ಪಡೆದ ಅಧಿಕಾರಿಗೂ ಒಂದೇ ಗಡಿಯಾರ ಹಿಡಿದು ಕಾಲ ಎಣಿಸುವುದು ಸರಿಯೆನಿಸುವುದಿಲ್ಲ. ಹೆಬ್ಬೆಟ್ಟಿನ ನೌಕರನಿಗೆ ಇಬ್ಬರು ಸಾಕ್ಷಿಗಳ ಎದುರು ಆ ಪುಟವನ್ನು ಓದಿ ಹೇಳಿದ ದಿನದಿಂದ ಮೂರು ವರ್ಷ ಎಣಿಸಿದರೆ ಸರ್ಕಾರದ ಗಂಟೇನೂ ಹೋಗದು.

ಮುಂದಿನ ಮಕ್ಕಳ ಮಾತು ಬೇರೆ. ೧೯೬೯ರ ಜನನ ಮರಣ ನೋಂದಣಿ ಅಧಿನಿಯಮಕ್ಕೆ ೨೦೨೩ರಲ್ಲಿ ಆದ ತಿದ್ದುಪಡಿ ಅದೇ ಅಕ್ಟೋಬರ್ ೧ರಂದು ಜಾರಿಗೆ ಬಂತು. ಆ ದಿನದಿಂದ ಈಚೆಗೆ ಹುಟ್ಟಿದವರಿಗೆ ಶಾಲೆ ಸೇರಲು, ಮತದಾರರ ಪಟ್ಟಿಗೆ, ಸರ್ಕಾರಿ ನೌಕರಿಗೆ ಜನನ ಪ್ರಮಾಣಪತ್ರವೊಂದೇ ಆಧಾರ. ಕಮಲಾಪುರದ ಶಾಲೆಯಲ್ಲಿ ಮಗುವಿನ ತಂದೆ ಇನ್ನು ಜಾತ್ರೆಯನ್ನೂ ಬರವನ್ನೂ ನೆನೆಯಬೇಕಾಗಿಲ್ಲ. ಈ ಮಕ್ಕಳಲ್ಲಿ ಮೊದಲಿಗರಿಗೆ ಅರವತ್ತು ತುಂಬುವುದು ೨೦೮೩ರಲ್ಲಿ. ಅದುವರೆಗೆ ಜೂನ್ ಒಂದರ ಮಂದಿ ಕಚೇರಿಗಳಲ್ಲಿ ಇನ್ನೂ ಬಹಳ ಇದ್ದಾರೆ.